ಶಿವಗಂಗಾಳ ಒಂಬತ್ತು ವರಸೆ

“ಏನ್ ಬರದಾರ್ರಿ ಮೇಡಂ?”

ತಲೆಯ ಮೇಲೆ ಸಿಮೆಂಟಿನ ಬುಟ್ಟಿ ಹೊತ್ತುಕೊಂಡೇ ಶಿವಗಂಗಾ ಗೇಟಿನ ಕೆಳಗೆ ನಿಂತು ಕೇಳಿದಳು. ಹೈದರಾಬಾದಿನಲ್ಲಿ ತಿಂಗಳಿಗೊಂದು ಗಾಜಿನ ಕಟ್ಟಡ ಏಳುತ್ತಿದ್ದ ಕಾಲ ಅದು. ಈ ಸಾಫ್ಟ್‌ವೇರ್ ಕಂಪನಿಯ ಕಟ್ಟಡಕ್ಕೆ ಇನ್ನೂ ಬಾಗಿಲಿಲ್ಲ, ಕಿಟಕಿಯಿಲ್ಲ. ಮಹಿಳಾ ದಿನದ ಬ್ಯಾನರ್ ಮಾತ್ರ ಗೇಟಿನ ಮೇಲೆ ಮಿರಮಿರ ಮಿಂಚುತ್ತಿತ್ತು.

ಸೈಟ್ ಇಂಜಿನಿಯರ್ ಅಮಿತಾ ಕಾಚಿಗೂಡದ ಕನ್ನಡದವರ ಮನೆಯ ಹುಡುಗಿ. ತೆಲುಗು ಅಕ್ಷರಗಳನ್ನು ಓದಿ ಹೇಳಿದಳು: “ಹೆಣ್ಣಿನ ಕೈಲೆ ಆಗದ ಕೆಲಸ ಇಲ್ಲ ಅಂತ ಬರದಾರ.”

“ಹೌದ್ರಿ? ಹಂಗಾದ್ರ ಈ ಕೈಯಾಗ ಗ್ವಾಡಿ ಕಟ್ಟೂ ಕರಣಿ ಯಾಕ ಕೊಡವಲ್ರಿ?”

ಅಮಿತಾ ಅವಳ ಕೈಗಳನ್ನು ನೋಡಿದಳು. ಹೆಂಗಸರು ಹೊರಬೇಕು, ಗಂಡಸರು ಕಟ್ಟಬೇಕು. ಈ ನಿಯಮವನ್ನು ಯಾರೂ ಯಾವ ಬ್ಯಾನರಿನಲ್ಲೂ ಬರೆದಿರಲಿಲ್ಲ, ಆದರೂ ಸೈಟಿನಲ್ಲಿ ಎಲ್ಲರಿಗೂ ಬಾಯಿಪಾಠವಾಗಿತ್ತು.

“ಕಟ್ಟಾಕ ಬರ್ತದೇನು ನಿನಗ?”

“ನಾಲ್ಕು ವರ್ಷದಿಂದ ನೋಡಾಕತ್ತೀನ್ರಿ. ಊಟದ ಹೊತ್ತಿನ್ಯಾಗ ಕಟ್ಟಿ ಕಟ್ಟಿ ಕೆಡವೀನಿ.”

“ಆರನೇ ಅಂತಸ್ತಿನಾಗ ಲಿಫ್ಟಿನ ಹತ್ರ ಸಣ್ಣ ಗೋಡಿ ಒಂದು ಉಳದದ. ನಾಳೆ ಮುಂಜಾನೆ ಒಂಬತ್ತು ವರಸಿ ಇಟ್ಟಂಗಿ ಕಟ್ಟು. ಮಧ್ಯಾಹ್ನ ತೂಗುಗುಂಡು ಬಿಟ್ಟು ನೋಡ್ತೀನಿ. ನೆಟ್ಟಗಿದ್ರ ನೀನೂ ಗೌಂಡಿ.”

ಮೇಸ್ತ್ರಿ ಹಂಪಯ್ಯನಿಗೆ ಇದು ಗಂಟಲಲ್ಲಿ ಇಳಿಯಲಿಲ್ಲ. “ಕಟ್ಟಲಿ ಬಿಡ್ರಿ. ಆದ್ರ ಒಂದು ನೂಲು ಸೊಟ್ಟ ಬಂದ್ರೂ ತಿರುಗಿ ಬುಟ್ಟಿ ಹೊರಬೇಕು. ಆಮ್ಯಾಲ ನನ್ನ ಸೈಟಿನ್ಯಾಗ ಯಾವ ಹೆಂಗಸೂ ಕರಣಿ ಹೆಸರು ಎತ್ತಬಾರದು.”

ಹಾಗೆ, ಎರಡು ಮೊಳದ ಗೋಡೆಗೆ ಅಲ್ಲಿದ್ದ ಇಪ್ಪತ್ತು ಹೆಂಗಸರ ಹಣೆಬರಹ ಅಂಟಿಕೊಂಡಿತು.

ಆ ಸುದ್ದಿಗೆ ಶಿವಗಂಗಾಳಿಗಿಂತ ಹೆಚ್ಚು ಕುಣಿದವನು ಭೀಮಾಶಂಕರ. ಅವನು ಗೋಡೆ ಕಟ್ಟುವ ಗೌಂಡಿ. ನಾಲ್ಕು ವರ್ಷದಿಂದ ಅವನು ಮೇಲೆ ನಿಂತು “ಮಾಲು!” ಎಂದು ಕೂಗುವುದು, ಅವಳು ಕೆಳಗಿನಿಂದ ಕಲಸಿದ ಸಿಮೆಂಟಿನ ಬುಟ್ಟಿ ಎತ್ತಿಕೊಡುವುದು. ಬುಟ್ಟಿ ಕೈ ಬದಲಾಗುವಾಗ ಅವನ ಕಣ್ಣು ಒಂದು ಗಳಿಗೆ ಹೆಚ್ಚೇ ನಿಲ್ಲುತ್ತಿತ್ತು. ಅವಳು ಅದನ್ನು ನೋಡಿಯೂ ನೋಡದವಳಂತೆ ಸೆರಗು ಸರಿಮಾಡಿಕೊಳ್ಳುತ್ತಿದ್ದಳು. ಸರಿಯಿದ್ದ ಸೆರಗನ್ನೇ.

ಊಟದ ಹೊತ್ತಿನಲ್ಲಿ ಅವಳ ಕೈಗೆ ಮೊದಲು ಕರಣೆ ಕೊಟ್ಟವನೂ ಅವನೇ.

“ಭೇಷ್ ಗಂಗಾ! ನಿನ್ನಂಥ ಕೈ ಈ ಹೈದರಾಬಾದಿನ್ಯಾಗ ಯಾರಿಗೂ ಇಲ್ಲ.”

“ಸುಳ್ಳು ಹೇಳಬ್ಯಾಡ್ರಿ ಗೌಂಡ್ಯಾರ. ಇಟ್ಟಂಗಿ ನಗಾಕತ್ತಾವು.”

ಹಾಗೆನ್ನುತ್ತಿದ್ದಳು, ಆದರೆ ಕೂಕಟ್‌ಪಲ್ಲಿಯ ಬಾಡಿಗೆ ಖೋಲಿಗೆ ಬಸ್ಸಿನಲ್ಲಿ ಹೋಗುವಾಗ ಆ “ಭೇಷ್” ಅನ್ನು ಮತ್ತೆ ಮತ್ತೆ ನೆನೆದು ಒಬ್ಬಳೇ ನಗುತ್ತಿದ್ದಳು. ಪ್ರೀತಿ ಎಂದು ಇನ್ನೂ ಹೆಸರಿಟ್ಟಿರಲಿಲ್ಲ, ಅಷ್ಟೇ.

ಮರುದಿನ ಬೆಳಿಗ್ಗೆ ಮೊದಲ ವರಸೆಗೇ ಅವಳು ತೂಗುಗುಂಡು ಬಿಟ್ಟಳು. ಬಿಟ್ಟವಳು ಹಾಗೇ ನಿಂತಳು. ಪಕ್ಕದ ಪಿಲ್ಲರೇ ಮೇಲೆ ಹೋಗುತ್ತ ತುಸು ಆಚೆಗೆ ವಾಲಿತ್ತು! ಗೌಂಡಿಗಳೆಲ್ಲ ಪಿಲ್ಲರನ್ನು ಹಿಡಿದೇ ಗೋಡೆ ಎಬ್ಬಿಸುವವರು. ಕಾಂಕ್ರೀಟನ್ನು ಯಾರು ತಾನೇ ಅನುಮಾನಿಸುತ್ತಾರೆ? ಹೇಳಿದರೆ ಹಂಪಯ್ಯ ಅವಳನ್ನೇ ಬೈಯುತ್ತಿದ್ದ. ‘ನನ್ನ ಕಣ್ಣು ಸುಳ್ಳಲ್ಲ’ ಎಂದುಕೊಂಡಳು. ಪಿಲ್ಲರನ್ನು ಬಿಟ್ಟು ಗುಂಡನ್ನು ನಂಬಿ, ಒಂದೊಂದೇ ಇಟ್ಟಿಗೆ ಕೂರಿಸಿದಳು. ಒಂಬತ್ತನೇ ವರಸೆ ಮುಗಿದಾಗ ಪಿಲ್ಲರಿಗೂ ಗೋಡೆಗೂ ನಡುವೆ ಸಣ್ಣ ಸಂದು ಉಳಿದಿತ್ತು. ಗೋಡೆ ಮಾತ್ರ ನೆಟ್ಟಗಿತ್ತು.

ನೆಮ್ಮದಿಯಿಂದ ಊಟಕ್ಕೆ ಇಳಿದಳು. ರೊಟ್ಟಿ ಮುಗಿಸಿ ಕೈ ತೊಳೆಯುವಾಗ ಭೀಮಾಶಂಕರ ಮೆಟ್ಟಿಲಿಳಿದು ಬಂದ. ಅವನ ಬೆರಳಲ್ಲಿ ಹಸಿ ಸಿಮೆಂಟಿತ್ತು.

“ಎಲ್ಲಿಗಿ ಹೋಗಿದ್ರಿ?”

“ಎಲ್ಲೂ ಇಲ್ಲ. ನೀ ಗೆಲ್ತಿ ಗಂಗಾ, ಚಿಂತಿ ಮಾಡಬ್ಯಾಡ.” ಅವನ ಕಣ್ಣು ಎಂದಿನಂತೆ ನಿಲ್ಲಲಿಲ್ಲ. ನಾಚಿಕೆ ಎಂದುಕೊಂಡಳು, ಹುಚ್ಚಿ.

ಮಧ್ಯಾಹ್ನ ಅಮಿತಾ ಗುಂಡು ಬಿಟ್ಟಳು. ಕೆಲಸ ಬಿಟ್ಟು ಬಂದ ಹೆಂಗಸರೆಲ್ಲ ಮೆಟ್ಟಿಲ ಮೇಲೆ ನಿಂತಿದ್ದರು. ಕೆಳಗಿನ ಏಳು ವರಸೆ ದಾರಕ್ಕೆ ಅಂಟಿದಂತೆ ಇದ್ದವು. ಮೇಲಿನ ಎರಡು ವರಸೆ ಪಿಲ್ಲರಿನ ಕಡೆಗೆ ಸರಿದಿದ್ದವು.

“ಮೂರು ನೂಲು ಸೊಟ್ಟ,” ಎಂದ ಹಂಪಯ್ಯ, ಹಬ್ಬದ ಊಟ ಉಂಡವನ ಮುಖದಲ್ಲಿ. “ಹೇಳಿರಲಿಲ್ಲೇನ್ರಿ ನಾ? ನಡೀರಿ, ಎಲ್ಲಾರೂ ಬುಟ್ಟಿ ಎತ್ರಿ.”

ಶಿವಗಂಗಾ ಬಗ್ಗಿ ನೋಡಿದಳು. ಆ ಎರಡು ವರಸೆಯ ಸಂದಿನ ಸಿಮೆಂಟ್ ಬಿರುಕು ಬಿಟ್ಟಿತ್ತು. ಕೂತ ಮೇಲೆ ಯಾರೋ ಬಡಿದು ಸರಿಸಿದ್ದರು. ಅವಳಿಗೆ ಆ ಹಸಿ ಬೆರಳುಗಳು ನೆನಪಾದವು. ತಿರುಗಿ ನೋಡುವಷ್ಟರಲ್ಲಿ ಅವನೇ ಮುಂದೆ ಬಂದಿದ್ದ.

“ಮೇಡಂ, ಅದು ಆಕಿ ಕೈ ಅಲ್ರಿ. ನಂದು.”

ಒಬ್ಬರ ಗೋಡೆಗೆ ಇನ್ನೊಬ್ಬ ಗೌಂಡಿ ಹೇಳದೆ ಕೈ ಹಚ್ಚುವುದೆಂದರೆ, ಅವರಲ್ಲಿ ಅದಕ್ಕಿಂತ ದೊಡ್ಡ ಅವಮಾನವಿಲ್ಲ.

“ಪಿಲ್ಲರಿನ ಸನ್ಯಾಕ ಸಂದು ಕಾಣಿಸ್ತು. ಆಕಿ ತಪ್ಪಿದ್ಲು ಅಂದ್ಕೊಂಡೆ. ಸರಿ ಮಾಡೂಣು ಅಂತ ಬಡದೆ.”

ಶಿವಗಂಗಾ ಅವನ ಮುಂದೆ ಬಂದು ನಿಂತಳು. ಅವಳ ದನಿ ಏರಲಿಲ್ಲ, ಅದೇ ಅವನನ್ನು ಹೆಚ್ಚು ಹೆದರಿಸಿತು.

“ನಾಲ್ಕು ವರ್ಷ ಭೇಷ್ ಭೇಷ್ ಅಂದ್ರಿ. ಒಂದು ದಿನ ನಂಬಾಕ ಆಗಲಿಲ್ಲೇನ್ರಿ?”

“ನೀ ಸೋಲ್ತಿ ಅಂತ ಹೆದರಿಕಿ ಆತು ಗಂಗಾ.”

“ಸೋತ್ರ ನಾ ಸೋಲ್ತಿದ್ದೆ. ಗೆದ್ರ ನಾ ಗೆಲ್ತಿದ್ದೆ. ನನ್ನ ಗ್ವಾಡಿ ನನಗ ಬಿಡಬೇಕಿತ್ತು.”

ಅವನು ತಲೆ ಎತ್ತಲಿಲ್ಲ. “ತಪ್ಪಾತು,” ಎಂದ, ಅಷ್ಟು ಜನರ ಎದುರಿಗೇ.

“ನಾಳೆ ಬ್ಯಾರೆ ಗೋಡಿ ಕೊಡ್ತೀನಿ ಶಿವಗಂಗಾ,” ಎಂದಳು ಅಮಿತಾ.

“ಬ್ಯಾಡ್ರಿ ಮೇಡಂ. ಇದ ಗ್ವಾಡಿ, ಈಗ, ನಿಮ್ಮ ಮುಂದ.” ಸೀರೆಯ ಕಚ್ಚೆ ಬಿಗಿ ಮಾಡಿ ಎರಡೂ ವರಸೆ ಕಿತ್ತಳು. ಕೆರೆದು, ನೀರು ಚಿಮುಕಿಸಿ, ಕರಣೆ ಎತ್ತಿಕೊಂಡಳು. ಆಮೇಲೆ ಬುಟ್ಟಿ ಹೊರುವಾಗ ತಲೆಗಿಡುವ ತನ್ನ ಬಟ್ಟೆಯ ಸಿಂಬೆ ತೆಗೆದು ಭೀಮಾಶಂಕರನ ತಲೆಯ ಮೇಲಿಟ್ಟಳು.

“ಹೋಗ್ರಿ. ಮಾಲು ತರ್ರಿ.”

ಹಂಪಯ್ಯನ ಬಾಯಿ ತೆರೆದೇ ಉಳಿಯಿತು. ಗೌಂಡಿಯ ತಲೆಯ ಮೇಲೆ ಸಿಂಬೆ! ಭೀಮಾಶಂಕರ ಹೋದ, ಬುಟ್ಟಿ ಹೊತ್ತು ಬಂದ. ಇಂದು ಕೆಳಗೆ ನಿಂತವನು ಅವನು. ಬುಟ್ಟಿ ಕೈ ಬದಲಾಗುವಾಗ ಅವಳ ಕಣ್ಣು ಒಂದು ಗಳಿಗೆ ಹೆಚ್ಚೇ ನಿಂತಿತು. ಸಿಟ್ಟಿತ್ತು ಅದರಲ್ಲಿ. ಸಿಟ್ಟಿನ ಹಿಂದೆ ಇನ್ನೇನೋ ಇತ್ತು, ಅದನ್ನು ಅವನು ಗುರುತಿಸಿದ.

“ಮಾಲು!” ಎಂದು ಕೂಗಿದಳು ಮತ್ತೆ. ಮೆಟ್ಟಿಲ ಮೇಲಿನ ಹೆಂಗಸರು ಸೆರಗು ಬಾಯಿಗಿಟ್ಟು ನಕ್ಕರು.

ಕೊನೆಯ ಇಟ್ಟಿಗೆ ಕೂತಿತು. ಅಮಿತಾ ಗುಂಡು ಬಿಟ್ಟಳು. ಗುಂಡು ತೂಗಾಡಿ ತೂಗಾಡಿ ನಿಂತಿತು.

“ಅರ್ಧ ನೂಲೂ ಇಲ್ಲ,” ಎಂದಳು. “ನೆಟ್ಟಗದ.”

ಶಿವಗಂಗಾ ಅಲ್ಲೇ ಸಿಮೆಂಟ್ ಚೀಲದ ಮೇಲೆ ಕುಳಿತುಬಿಟ್ಟಳು. ಒಮ್ಮೆಲೇ ನಗೆ ಬಂತು, ಜೊತೆಗೇ ಅಳು. ಹೆಂಗಸರು ಸುತ್ತ ಮುತ್ತಿಕೊಂಡರು. ಹಂಪಯ್ಯ ಮಾತ್ರ ಗುಂಡು ಕಸಿದುಕೊಂಡು ಪಿಲ್ಲರಿಗೆ ಬಿಟ್ಟು ನೋಡಿದ. ನೋಡಿ ತಲೆಯ ಮೇಲೆ ಕೈ ಹೊತ್ತ. “ಇದನ್ನ ಹಿಡದು ಐದು ಗ್ವಾಡಿ ಎಬ್ಬಿಸೀನಲ್ಲೋ!”

ಎಲ್ಲರೂ ಇಳಿದುಹೋದ ಮೇಲೂ ಭೀಮಾಶಂಕರ ಅಲ್ಲೇ ನಿಂತಿದ್ದ, ತಲೆಯ ಮೇಲೆ ಸಿಂಬೆ ಹಾಗೇ ಇತ್ತು.

“ಗಂಗಾ, ಸಿಟ್ಟು ಇಳದದೇನು?”

“ಸ್ವಲ್ಪ ಐತಿ.”

“ನಿಮ್ಮವ್ವನ ಕೇಳಾಕ ಬರ್ಲ್ಯಾ?”

“ಏನಂತ?”

“ನಿನ್ನ ನನಗ ಕೊಡ್ತಾರೇನು ಅಂತ.”

“ನಾ ಏನು ಮಾಲಿನ ಬುಟ್ಟಿ ಏನ್ರಿ, ಒಬ್ಬರು ಕೊಡಾಕ, ಒಬ್ಬರು ಹೊರಾಕ? ಮೊದಲ ನನ್ನ ಕೇಳ್ರಿ.”

ಅವನು ತೀರಾ ಮೆಲ್ಲಗೆ, ಕಣ್ಣಲ್ಲಿ ಕಣ್ಣಿಟ್ಟು ಕೇಳಿದ.

“ನನ್ನ ಲಗ್ನ ಆಗ್ತೀರೇನ್ರಿ, ಗೌಂಡ್ಯಾರ?”

ನಾಲ್ಕು ವರ್ಷ ಅವಳು ಅವನನ್ನು ಕರೆದ ಹೆಸರು. ಶಿವಗಂಗಾ ಸೆರಗು ಸರಿಮಾಡಿಕೊಳ್ಳಲಿಲ್ಲ, ಬೇರೆ ಕಡೆ ನೋಡಲೂ ಇಲ್ಲ.

“ಹೂಂ, ಭೀಮಾ. ಆದ್ರ ನನ್ನ ವರಸಿ ಮುಟ್ಟಬ್ಯಾಡ.”

ಅವನು ಸಿಂಬೆ ತೆಗೆಯುವುದನ್ನೂ ಮರೆತು ಆರು ಅಂತಸ್ತು ಇಳಿದ. ಅವಳು ಕರಣೆಯನ್ನು ತೊಳೆದು, ಒರೆಸಿ, ತನ್ನ ಚೀಲದಲ್ಲಿಟ್ಟುಕೊಂಡಳು.