ಮೂಕಿಚಿತ್ರದ ಮಾಟಗಾತಿ

“ಅವಳ ತುಟಿ ಓದುದಾದರೆ ಮನಸ್ಸಲ್ಲೇ ಓದು ಮಗಾ. ಬಾಯಿಬಿಟ್ಟು ಮಾತ್ರ ಹೇಳ್ಬೇಡ,” ಎಂದರು ವಾಲ್ಟರ್.

ಶೆರಿಲ್ ನಕ್ಕುಬಿಟ್ಟಳು. “ಎಂತ ಅಂಕಲ್, ಡಾಕ್ಟರಾಗಿ ನೀವೂ ಇದನ್ನೆಲ್ಲ ನಂಬುದಾ?”

“ಆ ಚಿತ್ರದಲ್ಲಿರುವವಳು ನಟಿಯಲ್ಲ, ನಿಜವಾಗಿ ಮಾಟ ಮಾಡ್ತಿದ್ದವಳಂತೆ. ದನಿ ಇಲ್ಲದ್ದಕ್ಕೆ ಮಂತ್ರ ಸುಮ್ಮನೆ ಮಲಗಿದೆ.”

ಶೆರಿಲ್ ಮಂಗಳೂರಿನಿಂದ ನೈರೋಬಿಗೆ ಬಂದು ಮೂರೇ ತಿಂಗಳಾಗಿತ್ತು. ಕಸರಾನಿಯ ಕಿವುಡು ಮಕ್ಕಳ ಶಾಲೆಯಲ್ಲಿ, ತುಟಿ ನೋಡಿ ಮಾತು ತಿಳಿಯುವುದನ್ನು ಕಲಿಸುತ್ತಿದ್ದಳು. ಅಪ್ಪನ ಗೆಳೆಯ ವಾಲ್ಟರ್ ಬಳಿ ನೂರು ವರ್ಷ ಹಳೆಯ ಅಮೆರಿಕನ್ ಮೂಕಿಚಿತ್ರವಿದೆಯೆಂದು ಕೇಳಿ, ಆ ಭಾನುವಾರ ಮಧ್ಯಾಹ್ನ ರಿವರ್‌ಸೈಡಿನ ಅವರ ಫ್ಲಾಟಿಗೆ ಹಟ ಹಿಡಿದು ಬಂದಿದ್ದಳು.

ಪರದೆ ಎಳೆದ ಕೋಣೆಯಲ್ಲಿ ಕತ್ತಲು ಗವ್ವೆನ್ನುತ್ತಿತ್ತು. ರೀಲಿನ ಡಬ್ಬಿ ತೆರೆದೊಡನೆ ಹುಳಿತ ವಾಸನೆ ಮೂಗಿಗೆ ಅಡರಿತು. ಪ್ರೊಜೆಕ್ಟರ್ ಕಟಕಟನೆ ತಿರುಗಿತು. ಗೋಡೆಯ ಮೇಲೆ ಬಿಳಿಚಿದ ಹೆಂಗಸೊಬ್ಬಳು ಮೂಡಿ ತುಟಿ ಅಲುಗಿಸಿದಳು. ‘ದೇವರು ನಿನ್ನನ್ನು ಕಾಪಾಡಲಿ’ ಎಂದಿತು ಅವಳ ಬೆನ್ನಿಗೇ ಗೋಡೆಯ ಮೇಲೆ ಮೂಡಿದ ಬರಹ.

“ಸುಳ್ಳು. ಅವಳು ಹೇಳ್ತಿರುದೇ ಬೇರೆ,” ಎಂದ ಶೆರಿಲ್, ಬೇಕೆಂದೇ ಗಟ್ಟಿಯಾಗಿ ಓದಿದಳು: “ಮೂರು ಸಲ ಕೇಳಿದವನ ಉಸಿರು ನನಗೆ.”

ಹಿಂದೆ ವಾಲ್ಟರ್ ಕೆಮ್ಮಿದರು.

ಶೆರಿಲ್ ಬಾಯಿ ಮುಚ್ಚಲು ನೋಡಿದಳು. ಆಗಲಿಲ್ಲ. ಗೋಡೆಯ ಮೇಲಿನ ತುಟಿಗಳು ಅಲುಗಿದಂತೆ ಅವಳ ತುಟಿಗಳೂ ಅಲುಗಿದವು. “ಮೂರು ಸಲ ಕೇಳಿದವನ ಉಸಿರು ನನಗೆ.” ಆ ದನಿ ಅವಳದಾಗಿರಲಿಲ್ಲ. ವಾಲ್ಟರ್ ಕುರ್ಚಿಯಿಂದ ಕೆಳಗುರುಳಿದರು. ಗಂಟಲಲ್ಲಿ ಗೊರಗೊರ ಸದ್ದು. ಮುಖ ನೀಲಿಗಟ್ಟಿತು.

ಮಾಟಗಾತಿ ನಕ್ಕಳು. ನೇರ ಶೆರಿಲ್‌ಳತ್ತ ನೋಡಿ ನಕ್ಕಳು.

ಮೂರನೆಯ ಸಲ. ನಾಲಿಗೆ ತಾನಾಗಿ ಎದ್ದಿತು. “ಮೂರು ಸಲ... ಕೇಳಿದವನ...”

ಕೊಡುವುದಿಲ್ಲ. ಶೆರಿಲ್ ಅವಳ ಕಣ್ಣಿನಿಂದ ಕಣ್ಣು ಕೀಳಲಿಲ್ಲ. ಹಲ್ಲು ಕಚ್ಚಿದಳು, ನಡುವೆ ನಾಲಿಗೆಯಿಟ್ಟು. ಬಾಯಿ ತುಂಬ ಬಿಸಿ ರಕ್ತ. ಗೋಡೆಯ ಮುಖ ವಿಕಾರವಾಯಿತು. ಶೆರಿಲ್ ತೆವಳಿದಳು. ಪ್ರೊಜೆಕ್ಟರಿನ ತಂತಿ ಸಿಕ್ಕಿತು. ಎಳೆದಳು.

ಕತ್ತಲು. ಆಮೇಲೆ, ವಾಲ್ಟರ್ ದೀರ್ಘವಾಗಿ ಉಸಿರೆಳೆದುಕೊಂಡ ಸದ್ದು.

ಅವರು ಟಾರ್ಚ್ ಹಿಡಿದು ಅವಳ ಬಾಯಿ ನೋಡಿದರು. ಗಾಯಕ್ಕೆ ಎರಡು ಹೊಲಿಗೆ ಸಾಕಿತ್ತು. ಆದರೆ ಅವಳು ನರಳಿದರೆ ನರಳಿಕೆಗೂ ದನಿಯಿರಲಿಲ್ಲ. ಮಾಟಗಾತಿ ಬರಿಗೈಯಲ್ಲಿ ಹೋಗಿರಲಿಲ್ಲ.

“ನಂದೇ ತಪ್ಪು ಮಗಾ, ನಿನಗೆ ತೋರಿಸಲೇಬಾರದಿತ್ತು,” ಎಂದು ವಾಲ್ಟರ್ ಅಳತೊಡಗಿದರು.

ಶೆರಿಲ್ ಅವರ ಜೇಬಿನಿಂದ ಪೆನ್ನು ಎಳೆದುಕೊಂಡು, ಅಂಗೈಯ ಮೇಲೆ ಬರೆದು ತೋರಿಸಿದಳು:

‘ಬೆಂಕಿಪೆಟ್ಟಿಗೆ ಎಲ್ಲಿದೆ?’