ಸಣ್ಣ ಫ್ರೇಮಿನ ರಿವಾಲ್ವರ್

ಸೋಮವಾರ ಬೆಳಿಗ್ಗೆ 9.40ಕ್ಕೆ ವಯಸ್ಸಾದ ವ್ಯಕ್ತಿಯೊಬ್ಬರು ಮಗನೊಂದಿಗೆ ಠಾಣೆಗೆ ಬಂದು, ತಮ್ಮ ಪರವಾನಗಿಯ ರಿವಾಲ್ವರ್ ಕಳುವಾಗಿದೆ ಎಂದು ದೂರು ಕೊಟ್ಟರು. ಮೂವತ್ತು ವರ್ಷ ಪೊಲೀಸ್ ಶಸ್ತ್ರಾಗಾರದಲ್ಲಿ ಬಂದೂಕು ರಿಪೇರಿ ಮಾಡಿ ನಿವೃತ್ತರಾದವರು. ವಿಚಿತ್ರವೆಂದರೆ ರಿವಾಲ್ವರ್ ಅವರ ಕೈಚೀಲದಲ್ಲೇ ಇತ್ತು.

"ಅಪ್ಪಂಗೆ ಮರೆವು ಸರ್," ಮಗ ದನಿ ತಗ್ಗಿಸಿದ. "ಹೋದ ತಿಂಗಳು ಕನ್ನಡಕ ಕಳುವಾಯ್ತು ಅಂತ ಬಂದಿದ್ರು. ಮೂಗಿನ ಮೇಲೇ ಇತ್ತು."

ಕಾನ್‌ಸ್ಟೇಬಲ್ ನಗು ನುಂಗಿಕೊಂಡ. ಇನ್ಸ್‌ಪೆಕ್ಟರ್ ನಗಲಿಲ್ಲ.

"ಇದು ನಿಮ್ಮದಲ್ಲ ಅಂತ ಹೇಗೆ ಗೊತ್ತಾಯ್ತು?"

"ಮುಟ್ಟಿದ ಕೂಡಲೇ ಬೆರಳಿಗೆ ಗೊತ್ತಾಯ್ತು. ಫ್ರೇಮ್ ಅಂದ್ರೆ ರಿವಾಲ್ವರಿನ ಮೈಕಟ್ಟು. ನಳಿಗೆ, ಗುಂಡಿನ ಉರುಳೆ, ಹಿಡಿ ಎಲ್ಲಾ ಅದರ ಮೇಲೇ ಕೂರೋದು. ನಂದು ಸಣ್ಣ ಫ್ರೇಮು, ಐದು ಗುಂಡಿಂದು. ಇದು ಮಧ್ಯಮ, ಆರರದ್ದು. ಚರ್ಮದ ಚೀಲದ ಗುಂಡೀನೇ ಹಾಕೋಕಾಗ್ತಿಲ್ಲ. ನಳಿಗೆ ಉದ್ದ ಒಂದೇ ಇದ್ರೆ ಸೈಜ್ ಒಂದೇ ಆಗ್ಬಿಡತ್ತಾ?"

ಇನ್ಸ್‌ಪೆಕ್ಟರ್ ಉರುಳೆ ತೆರೆದು ಬೆಳಕಿಗೆ ಹಿಡಿದರು. ಆರು ತೂತುಗಳೂ ಅರ್ಧಕ್ಕೇ ಮುಚ್ಚಿದ್ದವು. ಅದು ಆಟದ ಮಾದರಿ. ಅಂದರೆ ಅಸಲಿ ರಿವಾಲ್ವರ್, ಬಹುಶಃ ಐದು ಗುಂಡುಗಳ ಸಮೇತ, ಊರಲ್ಲಿ ಎಲ್ಲೋ ಇದೆ. 10.15ಕ್ಕೆ ಎಫ್‌ಐಆರ್ ದಾಖಲಾಯಿತು.

ಮನೆಯ ಕಪಾಟಿನ ಬೀಗ ಒಡೆದಿರಲಿಲ್ಲ. ಮಾದರಿಯ ಹಿಡಿಯ ತಳದಲ್ಲಿ '47' ಎಂದು ಗೀಚಿತ್ತು. ಮಹಿಳಾ ಹೆಡ್ ಕಾನ್‌ಸ್ಟೇಬಲ್ ನಾಟಕದ ಸಾಮಾನಿನ ಅಂಗಡಿಗಳನ್ನು ಸುತ್ತಿದರು. ಮೂರನೆಯದರಲ್ಲಿ ಮಾಲೀಕ ಅದು ತನ್ನ ಅಂಗಡಿಯ ನಂಬರೆಂದು ಗುರುತು ಹಿಡಿದ.

"ಮೊನ್ನೆ ಒಬ್ರು ಮೇಡಂ ಕೊಂಡ್ಕೊಂಡ್ರು. ಸ್ಕೂಲ್ ನಾಟಕಕ್ಕೆ ಅಂದ್ರು. ನಳಿಗೆ ಇಷ್ಟುದ್ದ ಇರ್ಬೇಕು ಅಂತ ಚೀಟಿ ಮೇಲೆ ಗೆರೆ ಎಳ್ಕೊಂಡು ಬಂದಿದ್ರು. ಚಿಕ್ಕದು ಬಾಡಿಗೆಗೆ ಹೋಗಿತ್ತು, ಇದನ್ನೇ ಕೊಟ್ಟೆ."

"ಚೀಟಿ ಎಲ್ಲಿ?"

ಮಾಲೀಕ ಡ್ರಾಯರ್ ತಡಕಿ ತೆಗೆದುಕೊಟ್ಟ. ಹಿಂಬದಿಯಲ್ಲಿ ಕಣ್ಣಾಸ್ಪತ್ರೆಯೊಂದರ ಹೆಸರು ಅಚ್ಚಾಗಿತ್ತು. ದೂರುದಾರರ ಸೊಸೆ ಅಲ್ಲಿ ನರ್ಸ್.

ಮಧ್ಯಾಹ್ನ 3.20, ಕಣ್ಣಾಸ್ಪತ್ರೆ. ಪೊಲೀಸರನ್ನು ಕಂಡ ಆಕೆ ಓಡಲಿಲ್ಲ. ತನ್ನ ಲಾಕರಿನ ಕೀಲಿ ಚಾಚಿದಳು. ಟವೆಲಿನಲ್ಲಿ ಸುತ್ತಿದ ರಿವಾಲ್ವರ್ ಒಳಗಿತ್ತು. ಐದೂ ಗುಂಡು ಭದ್ರ. ಆಸ್ಪತ್ರೆಯ ಇಬ್ಬರು ಸಿಬ್ಬಂದಿಯ ಸಮಕ್ಷಮ ಪಂಚನಾಮೆ ನಡೆಯಿತು. 4.05ಕ್ಕೆ ಬಂಧನ.

"ಯಾಕಮ್ಮ?"

"ಎರಡು ವಾರದ ಹಿಂದೆ ಡ್ಯೂಟಿ ಮುಗಿಸಿ ಬಾಗಿಲು ತೆಗೆದೆ ಸರ್. ಮಾವ ಇದನ್ನ ನನ್ನ ಎದೆಗೆ ಗುರಿಯಿಟ್ಟು, ಯಾರು ನೀನು ಅಂದ್ರು. ನಿಮ್ಮ ಸೊಸೆ ಅಂತ ಮೂರು ಸಲ ಹೇಳಿದೆ. ಆಮೇಲೆ ಗುರುತು ಸಿಕ್ತು. ಸುಸ್ತಾಗಿದೀಯ, ನೀರು ಕುಡಿ ಅಂತ ಅವರೇ ತಂದ್ಕೊಟ್ರು."

"ಗಂಡನಿಗೆ ಹೇಳ್ಬಹುದಿತ್ತಲ್ಲ?"

"ಹೇಳಿದ್ರೆ ಮಾವನ್ನ ಎಲ್ಲಾದ್ರೂ ಸೇರಿಸಿಬಿಡ್ತಿದ್ರು. ದಿನಾ ಇದನ್ನ ಒರೆಸ್ತಾ ಕೂತಾಗ ಮಾತ್ರ ಅವರು ಮೊದಲಿನ ಹಾಗೆ ಇರ್ತಾರೆ. ಅದನ್ನೂ ಕಿತ್ಕೊಳ್ಳೋಕೆ ಮನಸ್ಸು ಬರಲಿಲ್ಲ. ಅದಕ್ಕೇ ಆ ಜಾಗದಲ್ಲಿ ಆಟದ್ದನ್ನ ಇಟ್ಟೆ."

ಜಾಮೀನಿನ ಕಾಗದ ಮುಗಿಯುವ ಹೊತ್ತಿಗೆ ಮಾವನನ್ನು ಠಾಣೆಗೆ ಕರೆಸಿದ್ದರು. ಇನ್ಸ್‌ಪೆಕ್ಟರ್ ಏನನ್ನೂ ಮುಚ್ಚಿಡದೆ ಹೇಳಿದರು. ಹಿರಿಯರು ಸೊಸೆಯ ಕಡೆ ತಿರುಗಿದರು.

"ಆವತ್ತು ಗುಂಡು ತುಂಬಿತ್ತಾ?"

"ಐದೂ ಇತ್ತು ಮಾವ."

ಅವರು ಪೆನ್ನು ಕೇಳಿ ಪಡೆದು, ಪರವಾನಗಿ ಒಪ್ಪಿಸುವ ಅರ್ಜಿಯನ್ನು ತಾವೇ ಬರೆದು ಸಹಿ ಹಾಕಿದರು. ಆಮೇಲೆ ಸೊಸೆಯ ಪಕ್ಕದ ಬೆಂಚಿನಲ್ಲಿ ಕೂತು, ಮೆಲ್ಲಗೆ ಆಕೆಯ ತಲೆ ಸವರಿದರು. ಎರಡು ವಾರದಿಂದ ಕಣ್ಣು ಮುಚ್ಚದ ಆಕೆ ಅಲ್ಲೇ ಗೋಡೆಗೊರಗಿ ನಿದ್ದೆಹೋದಳು.