ಬೆರಳಲ್ಲಿ ಬರೆದ ಸಾಲು

“ಓದೀರಿ... ಹೌದಲ್ಲ?”

ಯರಗುಪ್ಪಿ ಬಸ್ ನಿಲ್ದಾಣದಲ್ಲಿ ಮಹಾನಂದಾ ತನ್ನ ಫೋನನ್ನು ಈರೇಶನ ಮುಖದೆದುರು ಹಿಡಿದಳು.

“ಏನ್ ಓದೀನ್ರಿ?”

“ನಾಟಕಾ ಮಾಡಬ್ಯಾಡ್ರಿ! ನನಗ ಫಿಟ್ಸ್ ಬರತಾವಂತ ನಿಮ್ಮ ಆ್ಯಪಿನ್ಯಾಗ ಬಿಟ್ರ ಎಲ್ಲೂ ಬರದಿಲ್ಲ ನಾ. ಈಗ ಊರೆಲ್ಲಾ ಅದ ಮಾತು. ಕುಂದಗೋಳದ ಬೀಗರೂ ಬ್ಯಾಡ ಅಂದ್ರು!”

ಊರಿನ ಆರೋಗ್ಯ ಶಿಬಿರಕ್ಕೆ ಆ ದಿನಚರಿ ಆ್ಯಪ್ ಮಾಡಿಕೊಟ್ಟವನು ಈರೇಶ. ಅಂದು ಅವಳಿಗೆ ತಾನೇ ಕಲಿಸುತ್ತ ಹೇಳಿದ್ದ:

“ನೀವು ಬರದದ್ದು ನಿಮ್ಮ ಫೋನಿನ್ಯಾಗ ಕೀಲಿ ಬಿದ್ದು ನನ್ನ ಕಡೆ ಬರತೈತ್ರಿ. ಕೀಲಿಕೈ ನಿಮ್ಮ ಹತ್ರ ಅಷ್ಟ. ನಾ ತೆಗೀಬೇಕಂದ್ರೂ ಬರೂದಿಲ್ಲ.”

ಅವಳು ನಂಬಿದ್ದು ಆ ಮಾತನ್ನಲ್ಲ, ಅದನ್ನು ಹೇಳುವಾಗ ತಗ್ಗಿದ್ದ ಅವನ ಕಣ್ಣುಗಳನ್ನು. ವರ ತಪ್ಪಿದ್ದಕ್ಕೆ ಅವಳಿಗೆ ನೋವಿರಲಿಲ್ಲ. ಆ ಕಣ್ಣುಗಳೇ ಸುಳ್ಳಾಗಿಬಿಟ್ಟವಲ್ಲ...!

ಅವನು ಲ್ಯಾಪ್‌ಟಾಪ್ ತೆರೆದು ತೋರಿಸಿದ. ತಲೆಬುಡವಿಲ್ಲದ ಅಕ್ಷರಗಳ ರಾಶಿ.

“ನನಗ ಕಾಣೂದು ಇಷ್ಟ.”

“ಇದೂ ಸುಳ್ಳಲ್ಲ ಅಂತ ಹೆಂಗ ನಂಬಲಿ?”

ಅವನು ಲ್ಯಾಪ್‌ಟಾಪ್ ಮುಚ್ಚಿದ. ತನಗೆ ಗೊತ್ತಿಲ್ಲ ಎಂಬುದಕ್ಕೆ ಯಾರು ಏನು ಸಾಕ್ಷಿ ಕೊಟ್ಟಾರು? ಅವನು ಮುಚ್ಚಿದ್ದನ್ನೇ ತಪ್ಪೊಪ್ಪಿಗೆ ಎಂದುಕೊಂಡು ಅವಳು ಹೊರಟುಬಿಟ್ಟಳು.

ಮನೆಯ ಮಾಳಿಗೆ ಹತ್ತಿ ಅಳುತ್ತ ಕುಳಿತಾಗ, ಮೊಣಕಾಲೆತ್ತರದ ಗೋಡೆಯಾಚೆ ಪಕ್ಕದ ಮನೆಯ ನೀಲಕ್ಕ ಮೆಣಸಿನಕಾಯಿ ಹರವುತ್ತಿದ್ದಳು.

“ನನ್ನ ಬಾಯಿಗೆ ಬೆಂಕಿ ಹತ್ತಲಿ, ಯವ್ವಾ! ನಿನ್ನ ಫಿಟ್ಸಿನ ಮಾತು ಒಬ್ಬಾಕಿ ಮುಂದ ಅಂದೆ, ಅಕಿ ಊರಿಗೇ ಸಾರಿದ್ಲು.”

“ನಿನಗ್ಯಾರು ಹೇಳಿದ್ರು?”

“ನೀನಽ! ‘ಫಿಟ್ಸಿನ ಗುಳಿಗಿ ನುಂಗಿದ್ರೂ ಹೆದರಿಕಿ ಹೋಗವಲ್ದು’ ಅಂತ ದಿನಾ ಇಲ್ಲೇ ಕುಂತು ಫೋನಿಗೆ ಒದರತಿದ್ಯಲ್ಲ?”

ಮಹಾನಂದಾಳಿಗೆ ಆಗ ಹೊಳೆಯಿತು. ಕನ್ನಡ ಅಕ್ಷರ ಒತ್ತುವುದು ಬೇಸರವೆಂದು ಅವಳು ಮೈಕ್ ಗುಂಡಿ ಒತ್ತಿ ಬಾಯಲ್ಲೇ ಬರೆಸುತ್ತಿದ್ದಳು. ಅದೂ ಮಾಳಿಗೆಯ ಮೇಲೆ, ಗಟ್ಟಿಯಾಗಿ!

ಒಂದೇ ಒಂದು ಸಾಲನ್ನು ನಾಚಿ ಬೆರಳಲ್ಲಿ ಒತ್ತಿದ್ದಳು. ಅದು ನೀಲಕ್ಕನಿಗೂ ಗೊತ್ತಿಲ್ಲ. ಹಾಗಾದರೆ... ಅವನಿಗೆ?

ಬಸ್ ನಿಲ್ದಾಣಕ್ಕೆ ಓಡಿದಳು. ಈರೇಶ ಇನ್ನೂ ಅಲ್ಲೇ ಬಸ್ಸಿಗೆ ಕಾಯುತ್ತ ನಿಂತಿದ್ದ.

“ಎಲ್ಲಿಗ್ರಿ?”

“ಕುಂದಗೋಳಕ್ಕ. ನಿಮ್ಮ ಬೀಗರ ಕಾಲಾದ್ರೂ ಹಿಡೀತೀನಿ. ಆ ಹುಡುಗನ್ನ ನೀವು ಕಳಕೋಬಾರ್ದು.” ಅವನು ಮುಖ ತಿರುಗಿಸಿದ. “ನನ್ನನ್ನ ಅಂಥಾವ ಅನ್ಕೊಂಡ್ರಲ್ಲ... ಅದಿರಲಿ.”

ಅವಳ ಕಣ್ಣು ತುಂಬಿತು. ಆ ಸಾಲು ಓದಿದವನು ಅವಳಿಗೆ ಬೇರೆ ವರನನ್ನು ತರಲು ಹೊರಡುತ್ತಿದ್ದನೇ?

“ತಪ್ಪಾತ್ರಿ. ನೀವು ಓದೇ ಇಲ್ಲ.”

“ಈಗ ಹೆಂಗ ನಂಬಿದ್ರಿ? ಅದರಾಗ ಏನ್ ಬರದೀರಿ?”

ಫೋನ್ ತೆರೆಯಹೋದವಳು ಅದನ್ನು ಚೀಲಕ್ಕೆ ಹಾಕಿದಳು. ಸುತ್ತ ನೋಡಿದಳು, ಯಾವ ಮಾಳಿಗೆಯೂ ಹತ್ತಿರವಿರಲಿಲ್ಲ. ಅವನ ಕಿವಿಯ ಬಳಿ ಆ ಸಾಲನ್ನು ಮೆಲ್ಲಗೆ ಹೇಳಿದಳು.

ಕುಂದಗೋಳದ ಬಸ್ ಬಂತು. ಅವನು ಹತ್ತಲಿಲ್ಲ.

“ಇನ್ನೊಮ್ಮೆ ಹೇಳ್ರಿ... ಕೇಳಸಲಿಲ್ಲ.”

“ಸುಳ್ಳ! ಕೇಳಸೇತಿ.”

“ಹೌದು, ಕೇಳಸೇತಿ... ಆದ್ರೂ ಹೇಳು.”